ಅರವತ್ತರ ಅರಳುಮರಳು ಮತ್ತು ಮಿದುಳಿನ ಪರೀಕ್ಷೆ

‘ಅರವತ್ತಕ್ಕೆ ಅರಳುಮರಳು’ ಎಂಬ ಗಾದೆಯನ್ನು ಕೇಳದ ಕನ್ನಡಿಗರಿಲ್ಲ. ಹಿರಿಯರು ಕನ್ನಡಕವನ್ನು ಹಣೆಗೇರಿಸಿಕೊಂಡು ಮನೆಯೆಲ್ಲ ಅದನ್ನೇ ಹುಡುಕಿದರೆ, ಮೊಮ್ಮಗನನ್ನು ಮಗನ ಹೆಸರಿನಿಂದ ಕೂಗಿದರೆ, ಬೆಳಿಗ್ಗೆ ಕೇಳಿದ ಪ್ರಶ್ನೆಯನ್ನೇ ಮಧ್ಯಾಹ್ನದೊಳಗೆ ಹತ್ತು ಸಲ ಕೇಳಿದರೆ, ಈ ಗಾದೆಯನ್ನು ಹೇಳಿ ನಕ್ಕು ಸುಮ್ಮನಾಗುವುದು ನಮ್ಮ ಮನೆಗಳಲ್ಲಿ ನಡೆದುಬಂದ ವಾಡಿಕೆ. ಅರವತ್ತನ್ನು ದಾಟಿ ಕೆಲವು ವರ್ಷಗಳಾದ ನಮಗೆ ಈ ಗಾದೆಯ ಮೇಲೆ ಕೊಂಚ ಮುನಿಸಿರುವುದು ಸಹಜವೇ ಸರಿ. 1896ರಲ್ಲಿ ಜನಿಸಿದ ವರಕವಿ ಬೇಂದ್ರೆಯವರು ಅರವತ್ತರ ಹೊಸ್ತಿಲಿನಲ್ಲಿ ತಮ್ಮ ಕವನಸಂಕಲನಕ್ಕೆ ‘ಅರಳು ಮರಳು’ ಎಂದೇ ಹೆಸರಿಟ್ಟರು; 1958ರಲ್ಲಿ ಅದಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿಯೂ ಬಂದಿತು. ‘ನಾಕುತಂತಿ’ ಪ್ರಕಟವಾದದ್ದು ಅದಕ್ಕೂ ಅನಂತರ. ಗಾದೆಗೆ ಇದಕ್ಕಿಂತ ಒಳ್ಳೆಯ ಉತ್ತರ ಬೇಕಿಲ್ಲ.

ಆದರೆ ವಿಷಯವನ್ನು ನಗೆಯಲ್ಲಿಯೇ ಮುಗಿಸುವಂತಿಲ್ಲ. ಮೇಲೆ ಹೇಳಿದ ಮೂರು ಮರೆವುಗಳೂ ಮೇಲ್ನೋಟಕ್ಕೆ ಒಂದೇ ಬಗೆಯವಾಗಿ ಕಂಡರೂ ಒಂದೇ ಅಲ್ಲ. ಕನ್ನಡಕವನ್ನು ಹುಡುಕುವುದು ಬಹುಮಟ್ಟಿಗೆ ಗಮನ ಬೇರೆಡೆಗೆ ಹೋದುದರ ಫಲ. ಹೆಸರು ತಪ್ಪುವುದು, ಒಳಗಿರುವ ವಸ್ತುವನ್ನು ತಕ್ಷಣ ಹೊರತೆಗೆಯಲಾಗದ ತೊಡಕು. ಅದು ಮೂವತ್ತರ ತಾಯಂದಿರಿಗೂ ಉಂಟು. ಕೇಳಿದ ಪ್ರಶ್ನೆಯನ್ನೇ ಮತ್ತೆ ಮತ್ತೆ ಕೇಳುವುದು ಹಾಗಲ್ಲ. ಅಲ್ಲಿ ಉತ್ತರವು ಒಳಗೆ ಹೋಗಿ ನಿಂತೇ ಇಲ್ಲ. ಮೊದಲೆರಡಕ್ಕೆ ನಗಬಹುದು, ಮೂರನೆಯದು ತಿಂಗಳುಗಟ್ಟಲೆ ಮುಂದುವರಿದರೆ ವೈದ್ಯರಲ್ಲಿಗೆ ಹೋಗತಕ್ಕದ್ದು. ಯಾವುದು ವಯೋಧರ್ಮ, ಯಾವುದು ವ್ಯಾಧಿ ಎಂಬುದನ್ನು ಬೇರ್ಪಡಿಸಿ ತಿಳಿಯುವ ಸಾಧನಗಳಲ್ಲಿ ನರಮನೋವೈಜ್ಞಾನಿಕ ಪರೀಕ್ಷೆ ಎಂಬುದು ಮುಖ್ಯವಾದದ್ದು. ಅದರ ಸ್ವರೂಪವನ್ನೂ, ಅದು ನಮ್ಮ ನಾಡಿನಲ್ಲಿ ಬೆಳೆದುಬಂದ ಬಗೆಯನ್ನೂ, ಅದರ ಮಿತಿಗಳನ್ನೂ ವಾಚಕರ ಮುಂದಿಡುವುದು ಈ ಲೇಖನದ ಉದ್ದೇಶ.

ಚಿತ್ರ ಬೇರೆ, ಕಾರ್ಯ ಬೇರೆ

‘ತಲೆಯ ಸ್ಕ್ಯಾನ್ ಮಾಡಿಸಿದ್ದೇವೆ, ಎಲ್ಲವೂ ಸರಿಯಾಗಿದೆಯಂತೆ, ಇನ್ನು ಪರೀಕ್ಷೆ ಏತಕ್ಕೆ?’ ಎಂದು ಹಲವರು ನಮ್ಮನ್ನು ಕೇಳಿದ್ದುಂಟು. ಹೆಬ್ಬಾಳದವರಾದ ನಮಗೆ ಕೆರೆಯ ಉಪಮೆಯೇ ಹೊಳೆಯುತ್ತದೆ. ನಕಾಶೆಯಲ್ಲಿ ಏರಿ, ತೂಬು, ಕಾಲುವೆ ಎಲ್ಲವೂ ಇರಬೇಕಾದಲ್ಲಿಯೇ ಇವೆ. ಆದರೆ ತೂಬನ್ನೆತ್ತಿದಾಗ ನೀರು ಕೊನೆಯ ಗದ್ದೆಯವರೆಗೆ ಹರಿಯುವುದೋ ಇಲ್ಲವೋ ಎಂಬುದನ್ನು ನಕಾಶೆ ಹೇಳಲಾರದು. ಗದ್ದೆಯ ಬದುವಿನ ಮೇಲೆ ನಿಂತು ನೋಡಬೇಕು. ಎಂ.ಆರ್.ಐ. ಯಂತ್ರವು ಮಿದುಳಿನ ರಚನೆಯನ್ನು ತೋರಿಸುತ್ತದೆ: ಗಡ್ಡೆ, ರಕ್ತಸ್ರಾವ, ಕುಗ್ಗಿದ ಭಾಗ. ಆ ಮಿದುಳು ಗಮನಿಸುವ, ನೆನಪಿಡುವ, ಮಾತನ್ನು ಹೊಂದಿಸುವ, ಯೋಜಿಸುವ ಕೆಲಸಗಳನ್ನು ಎಷ್ಟರಮಟ್ಟಿಗೆ ಮಾಡುತ್ತಿದೆ ಎಂಬುದು ಆ ಮನುಷ್ಯನಿಂದ ಕೆಲಸವನ್ನು ಮಾಡಿಸಿ ನೋಡಿದಾಗಲೇ ತಿಳಿಯುವುದು. ಇದಕ್ಕೆ ಸೂಜಿ ಬೇಕಿಲ್ಲ, ವಿದ್ಯುತ್ತು ಬೇಕಿಲ್ಲ. ಒಂದು ಮೇಜು, ಕಾಗದ, ಪೆನ್ಸಿಲು, ಕೆಲವು ಚಿತ್ರಪಟಗಳು, ಒಂದು ಗಡಿಯಾರ. ಎಲ್ಲಕ್ಕಿಂತ ಮಿಗಿಲಾಗಿ ತರಬೇತಿ ಪಡೆದ, ತಾಳ್ಮೆಯುಳ್ಳ ಒಬ್ಬ ಮನೋವಿಜ್ಞಾನಿ.

ಸ್ಮೃತಿ ಎಂಬುದು ಒಂದೇ ಉಗ್ರಾಣವಲ್ಲವೆಂಬುದನ್ನು ಲೋಕಕ್ಕೆ ಕಲಿಸಿದವನು ಅಮೆರಿಕದ ಹೆನ್ರಿ ಮೊಲೈಸನ್ ಎಂಬ ರೋಗಿ. 1953ರಲ್ಲಿ ಅಪಸ್ಮಾರದ ಚಿಕಿತ್ಸೆಗೆಂದು ಅವನ ಮಿದುಳಿನ ಎರಡೂ ಪಾರ್ಶ್ವಗಳಿಂದ ಒಳಭಾಗದ ಕೆಲವು ಅಂಶಗಳನ್ನು ತೆಗೆದುಹಾಕಿದರು. ಸೆಳವುಗಳು ತಗ್ಗಿದವು, ಆದರೆ ಅಂದಿನಿಂದ ಹೊಸದೊಂದು ಸಂಗತಿಯೂ ಅವನಲ್ಲಿ ನಿಲ್ಲದಾಯಿತು. ಬ್ರೆಂಡಾ ಮಿಲ್ನರ್ ಎಂಬ ವಿದುಷಿ ಅವನಿಗೆ ಕನ್ನಡಿಯಲ್ಲಿ ಮಾತ್ರ ನೋಡುತ್ತ ನಕ್ಷತ್ರದ ಗೆರೆಯನ್ನು ತಿದ್ದುವ ಕೆಲಸ ಕೊಟ್ಟರು. ದಿನದಿಂದ ದಿನಕ್ಕೆ ಅವನ ಕೈ ಪಳಗಿತು. ಆದರೆ ಪ್ರತಿ ದಿನವೂ ಆ ಕೆಲಸವನ್ನು ತಾನು ಮೊದಲ ಬಾರಿ ಮಾಡುತ್ತಿರುವೆನೆಂದೇ ಅವನು ತಿಳಿದಿದ್ದ. ಕೈಗೆ ನೆನಪಿದೆ, ಮನಸ್ಸಿಗೆ ನೆನಪಿಲ್ಲ! ಊರ ದಾರಿಯನ್ನು ಮರೆತ ಅಜ್ಜಿ ರೊಟ್ಟಿ ಬಡಿಯುವುದನ್ನು ಮರೆಯದಿರುವುದು ಹೇಗೆಂದು ಬೆರಗಾಗುವ ಸೊಸೆಯಂದಿರಿಗೆ ಇದರಲ್ಲಿ ಉತ್ತರವಿದೆ.

ಪರೀಕ್ಷಕರು ಹೀಗೆ ಒಂದೊಂದು ಶಕ್ತಿಯನ್ನೂ ಬಿಡಿಬಿಡಿಯಾಗಿ ತೂಗುತ್ತಾರೆ. ಮೊದಲನೆಯದು ಅವಧಾನ. ಈ ಶಬ್ದವನ್ನು ಕೇಳಿದೊಡನೆ ನಮಗೆ ನೆನಪಾಗುವುದು ಅಷ್ಟಾವಧಾನ. ಶತಾವಧಾನಿ ಆರ್. ಗಣೇಶರ ಅವಧಾನವನ್ನು ಕಂಡವರಿಗೆ ಅದರ ಕ್ರಮ ಗೊತ್ತು. ಸುತ್ತಲೂ ಎಂಟು ಮಂದಿ ಪೃಚ್ಛಕರು. ಒಬ್ಬರು ಸಮಸ್ಯೆಯನ್ನು ಕೊಡುತ್ತಾರೆ, ಒಬ್ಬರು ಹೆಜ್ಜೆಹೆಜ್ಜೆಗೂ ಒಂದು ಅಕ್ಷರವನ್ನು ನಿಷೇಧಿಸುತ್ತಾರೆ, ಇನ್ನೊಬ್ಬರು ಸಂಬಂಧವಿಲ್ಲದ ಮಾತನ್ನಾಡಿ ಕೆಣಕುತ್ತಾರೆ. ಅವಧಾನಿಯಾದರೋ ಎಲ್ಲ ಪದ್ಯಗಳನ್ನೂ ಮನಸ್ಸಿನಲ್ಲಿ ಹಿಡಿದಿಟ್ಟು ಕೊನೆಗೆ ಒಪ್ಪಿಸಬೇಕು. ಹಿಡಿದಿಡುವುದು, ನಾಲಗೆಯ ತುದಿಗೆ ಬಂದದ್ದನ್ನು ತಡೆಯುವುದು, ಅಡ್ಡ ಬಂದುದನ್ನು ಬದಿಗೊತ್ತುವುದು: ಈ ಮೂರನ್ನೇ ನರಮನೋವಿಜ್ಞಾನಿಗಳು ಸಾಮಾನ್ಯರಲ್ಲಿ ಸಣ್ಣ ಪ್ರಮಾಣದಲ್ಲಿ ಅಳೆಯುವರು. 1935ರಲ್ಲಿ ಸ್ಟ್ರೂಪ್ ಎಂಬ ವಿದ್ವಾಂಸನು ಪ್ರಕಟಿಸಿದ ಪರೀಕ್ಷೆಯಲ್ಲಿ ‘ಕೆಂಪು’ ಎಂಬ ಪದವನ್ನು ನೀಲಿ ಮಸಿಯಲ್ಲಿ ಅಚ್ಚು ಹಾಕಿರುತ್ತಾರೆ. ಓದಬಾರದು, ಮಸಿಯ ಬಣ್ಣವನ್ನು ಹೇಳಬೇಕು. ಓದು ಬಲ್ಲವನ ಬಾಯಿ ‘ಕೆಂಪು’ ಎನ್ನಲು ಹಾತೊರೆಯುತ್ತದೆ. ಅದನ್ನು ತಡೆಹಿಡಿಯುವುದು ಮಿದುಳಿನ ಮುಂಭಾಗದ ಕೆಲಸ. ನಿಷೇಧಾಕ್ಷರಿಯೇ ಇದು ಎನ್ನಬಹುದು.

ಸ್ಮೃತಿಗೆ ಬಳಸುವ ಒಂದು ಪ್ರಸಿದ್ಧ ಪರೀಕ್ಷೆಯಲ್ಲಿ ನಿತ್ಯಬಳಕೆಯ ಹದಿನೈದು ಪದಗಳನ್ನು ಐದು ಬಾರಿ ಓದಿ ಹೇಳುತ್ತಾರೆ; ಪ್ರತಿ ಸಲವೂ ನೆನಪಿದ್ದಷ್ಟನ್ನು ಮರಳಿ ಹೇಳಬೇಕು. ಆಮೇಲೆ ಬೇರೊಂದು ಪಟ್ಟಿಯಿಂದ ಗಮನವನ್ನು ಕದಲಿಸಿ, ಸುಮಾರು ಇಪ್ಪತ್ತು ನಿಮಿಷಗಳ ಬಳಿಕ ಮೊದಲ ಪಟ್ಟಿಯನ್ನು ಮತ್ತೆ ಕೇಳುವರು. ಕೊನೆಗೆ, ಹಲವು ಪದಗಳ ನಡುವೆ ಮೊದಲು ಕೇಳಿದವು ಯಾವುವೆಂದು ಗುರುತಿಸಲು ಹೇಳುವರು. ಈ ಕೊನೆಯ ಹಂತದಲ್ಲಿಯೇ ಗುಟ್ಟಿದೆ. ತಾನಾಗಿ ಹೇಳಲಾಗದಿದ್ದರೂ ಕೇಳಿದೊಡನೆ ಗುರುತಿಸಿದರೆ, ವಸ್ತು ಒಳಗಿದೆ, ಹೊರತೆಗೆಯುವುದು ನಿಧಾನ ಎಂದರ್ಥ. ಖಿನ್ನತೆಯಲ್ಲಿ, ಗಮನದ ಕೊರತೆಯಲ್ಲಿ ಹೆಚ್ಚಾಗಿ ಹೀಗಾಗುತ್ತದೆ. ಗುರುತಿಸಲೂ ಆಗದಿದ್ದರೆ ವಸ್ತು ಒಳಗೆ ಸೇರಿಯೇ ಇಲ್ಲ. ಆಲ್ಜೈಮರ್ ರೋಗದಲ್ಲಿ ಕಾಣುವುದು ಬಹುಮಟ್ಟಿಗೆ ಈ ಬಗೆ. ಆ ಪದಗಳ ಪಟ್ಟಿಯನ್ನು ನಾವು ಇಲ್ಲಿ ಕೊಡುವುದಿಲ್ಲ. ಪ್ರಶ್ನಪತ್ರಿಕೆಯನ್ನು ಮೊದಲೇ ಓದಿ ಹೋದವನ ಪರೀಕ್ಷೆಗೆ ಬೆಲೆಯಿಲ್ಲ.

ಕನ್ನಡದ ಅಳತೆಗೋಲು

ಇಷ್ಟನ್ನು ಯಾವ ದೇಶದ ಪುಸ್ತಕದಲ್ಲಿಯೂ ಓದಬಹುದು. ಆದರೆ ಸೇರನ್ನು ಅಳೆಯಲು ಗಜಕೋಲು ಬಾರದಷ್ಟೆ! ಕನ್ನಡಿಗನ ಮಿದುಳನ್ನು ಯಾವ ಕೋಲಿನಿಂದ ಅಳೆಯಬೇಕು? ಈ ಪ್ರಶ್ನೆಯನ್ನು ನಮ್ಮ ನಾಡಿನ ವಿದ್ವಾಂಸರು ಬಹಳ ಹಿಂದೆಯೇ ಎತ್ತಿಕೊಂಡರು. ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ 1924ರಲ್ಲಿಯೇ ಮನೋವಿಜ್ಞಾನ ವಿಭಾಗವನ್ನು ಕಟ್ಟಿದವರು ಎಂ.ವಿ. ಗೋಪಾಲಸ್ವಾಮಿಯವರು. 1935ರಲ್ಲಿ ತಮ್ಮ ಮನೆಯಿಂದಲೇ ರೇಡಿಯೋ ಕೇಂದ್ರವನ್ನು ಆರಂಭಿಸಿ, ಮುಂದೆ ದೇಶಕ್ಕೆಲ್ಲ ಸಂದ ‘ಆಕಾಶವಾಣಿ’ ಎಂಬ ಹೆಸರಿಗೆ ಕಾರಣರಾದವರೂ ಅವರೇ. ಅದೇ ಕಾಲದಲ್ಲಿ ಧಾರವಾಡದಲ್ಲಿ ವಿ.ವಿ. ಕಾಮತರು, ಫ್ರಾನ್ಸಿನ ಬಿನೆ 1905ರಲ್ಲಿ ಮಕ್ಕಳಿಗಾಗಿ ರಚಿಸಿದ ಬುದ್ಧಿಪರೀಕ್ಷೆಯನ್ನು ಕನ್ನಡ ಮತ್ತು ಮರಾಠಿ ಮಕ್ಕಳಿಗೆ ಒಗ್ಗಿಸಿದರು. ಬರಿಯ ಭಾಷಾಂತರ ಅದಾಗಿರಲಿಲ್ಲ. ಇಲ್ಲಿಯ ಮಕ್ಕಳ ಮೇಲೆಯೇ ಪ್ರಯೋಗಿಸಿ, ಯಾವ ವಯಸ್ಸಿಗೆ ಯಾವ ಪ್ರಶ್ನೆ ತಕ್ಕದ್ದೆಂದು ಮತ್ತೆ ನಿರ್ಧರಿಸಿದ ಕೆಲಸ. ಬಿನೆ–ಕಾಮತ್ ಪರೀಕ್ಷೆ ಎಂಬ ಹೆಸರಿನಿಂದ ಅದು ದಶಕಗಳ ಕಾಲ ದೇಶದ ಆಸ್ಪತ್ರೆಗಳಲ್ಲಿ ಬಳಕೆಯಾಯಿತು.

ಬೆಂಗಳೂರಿನಲ್ಲಿ 1954ರಲ್ಲಿ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಸ್ಥಾಪಿತವಾಗಿ, 1974ರಲ್ಲಿ ಮಾನಸಿಕ ಆಸ್ಪತ್ರೆಯೊಡನೆ ಸೇರಿ ಇಂದಿನ ನಿಮ್ಹಾನ್ಸ್ ಆಯಿತು. ಇಲ್ಲಿಯ ವಿದ್ವಾಂಸರಾದ ಶೋಭಿನಿ ರಾವ್, ಸುಬ್ಬಕೃಷ್ಣ ಮತ್ತು ಗೋಪುಕುಮಾರ್ ಅವರು 2004ರಲ್ಲಿ ಪ್ರಕಟಿಸಿದ ಪರೀಕ್ಷಾಗುಚ್ಛವು ನಮ್ಮ ವಿಷಯದಲ್ಲಿ ಒಂದು ಮೈಲಿಗಲ್ಲು. ಆರೋಗ್ಯವಂತರಾದ 540 ಸ್ವಯಂಸೇವಕರನ್ನು ಪರೀಕ್ಷಿಸಿ, ವಯಸ್ಸು, ಸ್ತ್ರೀಪುರುಷ ಭೇದ, ವಿದ್ಯಾಭ್ಯಾಸ ಇವುಗಳಿಗನುಸಾರವಾಗಿ ಬೇರೆ ಬೇರೆ ಮಾನದಂಡಗಳನ್ನು ಅವರು ಸಿದ್ಧಪಡಿಸಿದರು. ವಿದ್ಯಾಭ್ಯಾಸದಲ್ಲಿ ಮೂರು ವರ್ಗಗಳು: ಅಕ್ಷರ ಬಾರದವರು, ಶಾಲೆ ಕಲಿತವರು, ಕಾಲೇಜು ಕಲಿತವರು. ಅಕ್ಷರ ಬಾರದವರಿಗೂ ಪ್ರತ್ಯೇಕ ಪಂಕ್ತಿಯನ್ನು ಹಾಕಿದುದೇ ಇದರ ಹಿರಿಮೆಯೆಂದು ನಮ್ಮ ಅಭಿಪ್ರಾಯ. ಆ ಗುಚ್ಛದ ಮಾನದಂಡಗಳು 16ರಿಂದ 65 ವರ್ಷದವರಿಗೆ. ಅನಂತರ ವೃದ್ಧರಿಗೆಂದೇ ಬೇರೊಂದು ಗುಚ್ಛವನ್ನು ಅದೇ ಸಂಸ್ಥೆಯವರು ರಚಿಸಿದರು.

ಇಲ್ಲಿ ಒಂದು ಲೆಕ್ಕವನ್ನು ವಾಚಕರು ಗಮನಿಸಬೇಕು. ಒಬ್ಬರ ಅಂಕವನ್ನು ಅವರ ವಯಸ್ಸಿನ, ಅವರಷ್ಟೇ ಕಲಿತ ನೂರು ಜನರ ಸಾಲಿನಲ್ಲಿ ಇರಿಸಿ ನೋಡುತ್ತಾರೆ. ಸಾಲಿನ ಕೊನೆಯ ಹದಿನೈದರೊಳಗೆ ಬಿದ್ದರೆ ಆ ಶಕ್ತಿಯಲ್ಲಿ ಕೊರತೆಯಿದೆಯೆಂದು ಎಣಿಸುವುದು ಈ ಗುಚ್ಛದ ಪದ್ಧತಿ. ಹಾಗೆಂದಮೇಲೆ ಯಾವುದೇ ಒಂದು ಪರೀಕ್ಷೆಯಲ್ಲಿ ಆರೋಗ್ಯವಂತರೇ ನೂರಕ್ಕೆ ಹದಿನೈದು ಮಂದಿ ಆ ಗೆರೆಯ ಕೆಳಗೆ ಇರುವರಷ್ಟೆ? ಆದುದರಿಂದ ಒಂದು ಅಂಕ ಕಡಿಮೆಯಾದ ಮಾತ್ರಕ್ಕೆ ಯಾರೂ ರೋಗಿಯಾಗುವುದಿಲ್ಲ. ಹಲವು ಪರೀಕ್ಷೆಗಳಲ್ಲಿ ಯಾವುವು ಕುಗ್ಗಿವೆ, ಯಾವುವು ಕುಗ್ಗಿಲ್ಲ, ಆ ಕುಗ್ಗುವಿಕೆಯು ಮಿದುಳಿನ ಯಾವ ಭಾಗವನ್ನು ಬೊಟ್ಟುಮಾಡುತ್ತದೆ ಎಂಬ ವಿನ್ಯಾಸವನ್ನು ಓದುವುದೇ ವಿದ್ಯೆ. ವರದಿಯ ಒಂದು ಸಂಖ್ಯೆಯನ್ನು ಹಿಡಿದುಕೊಂಡು ಮನೆಯವರು ಅಳುವುದೂ ಬೇಡ, ಹಿಗ್ಗುವುದೂ ಬೇಡ.

ಭಾಷೆಯ ಪ್ರಶ್ನೆ ಇನ್ನೂ ಸೂಕ್ಷ್ಮವಾದದ್ದು. ಅಂಕಿಗಳನ್ನು ಕೇಳಿ ಅದೇ ಕ್ರಮದಲ್ಲಿ ಮರಳಿ ಹೇಳುವುದು ಎಲ್ಲೆಡೆಯೂ ಇರುವ ಪರೀಕ್ಷೆ. ಇಂಗ್ಲಿಷಿನ ಅಂಕಿಗಳ ಹೆಸರು ಬಹುಪಾಲು ಒಂದೇ ಉಚ್ಚಾರದಲ್ಲಿ ಮುಗಿಯುತ್ತದೆ; ನಮ್ಮ ‘ಒಂದು, ಎರಡು, ಮೂರು’ ಎಂಬವು ಹಾಗಲ್ಲ, ‘ಒಂಬತ್ತು’ ಎನ್ನುವಷ್ಟರಲ್ಲಿ ಇನ್ನೂ ಹೊತ್ತು ಹಿಡಿಯುತ್ತದೆ. ಹೇಳಲು ಹೊತ್ತು ಹಿಡಿಯುವ ಪದಗಳು ಮನಸ್ಸಿನಲ್ಲಿ ಕಡಿಮೆ ಸಂಖ್ಯೆಯಲ್ಲಿ ನಿಲ್ಲುತ್ತವೆ ಎಂಬುದು ಸಿದ್ಧಪಟ್ಟ ಸಂಗತಿ. ವೇಲ್ಸ್ ಭಾಷೆಯವರ ವಿಷಯದಲ್ಲಿ 1980ರಲ್ಲಿಯೇ ಇದನ್ನು ತೋರಿಸಿದ್ದಾರೆ. ಅಂದಮೇಲೆ ಇಂಗ್ಲಿಷರ ಮಾನದಂಡವನ್ನು ಕನ್ನಡದ ಅಂಕಿಗೆ ಹಚ್ಚಿದರೆ, ತಪ್ಪು ಮಿದುಳಿನದಲ್ಲ, ಕೋಲಿನದು. ಹಾಗೆಯೇ ಒಂದು ನಿಮಿಷದಲ್ಲಿ ಒಂದು ಅಕ್ಷರದಿಂದ ಆರಂಭವಾಗುವ ಪದಗಳನ್ನು ಹೇಳಿಸುವ ಪರೀಕ್ಷೆ. ಇಂಗ್ಲಿಷಿನವರಿಗೆ ಎಫ್, ಎ, ಎಸ್. ನಿಮ್ಹಾನ್ಸ್ ಗುಚ್ಛದಲ್ಲಿ ನಮ್ಮವರಿಗೆ ಕ, ಪ, ಮ. ಕಕಾರವೆಂದರೆ ‘ಕಲ್ಲು’ ಮಾತ್ರವೋ, ‘ಕಿವಿ’, ‘ಕೊಡ’ಗಳೂ ಸಲ್ಲುವವೋ? ಕಾಗುಣಿತವಿಲ್ಲದ ಭಾಷೆಯವರಿಗೆ ಇಂತಹ ಸಂದೇಹವೇ ಹುಟ್ಟದು.

ಭಾರತೀಯ ವೈದ್ಯಕೀಯ ಸಂಶೋಧನಾ ಪರಿಷತ್ತಿನವರು ಮರೆಗುಳಿತನದ ಪರೀಕ್ಷೆಗಾಗಿ ಹಿಂದಿ, ಬಂಗಾಳಿ, ತೆಲುಗು, ಮಲಯಾಳಗಳೊಡನೆ ಕನ್ನಡದಲ್ಲಿಯೂ ಒಂದು ಪರೀಕ್ಷಾಗುಚ್ಛವನ್ನು ಸಿದ್ಧಗೊಳಿಸಿರುವುದು ಸಂತೋಷದ ಸಂಗತಿ. ಇದೆಲ್ಲ ವಿದ್ವಾಂಸರ ಸೂಕ್ಷ್ಮವೆಂದು ಬಿಡುವಂತಿಲ್ಲ. ಕೋಲು ತಪ್ಪಿದರೆ ಒಂದು ಮನೆಯಲ್ಲಿ ಏನಾಗುತ್ತದೆಂಬುದನ್ನು ನಾವೇ ಕಂಡಿದ್ದೇವೆ.

ಆರನೆಯ ಮಹಡಿಯ ಅಜ್ಜಿ

ಹೆಬ್ಬಾಳವು ಇಂದು ಮೇಲುಸೇತುವೆಗಳ, ಎತ್ತರದ ಕಟ್ಟಡಗಳ ಊರು. ಸಮೀಪದ ಟೆಕ್ ಪಾರ್ಕುಗಳಲ್ಲಿ ದುಡಿಯುವ ಮಕ್ಕಳು ಹಾವೇರಿ, ಗದಗ, ಬಾಗಲಕೋಟೆಗಳ ಕಡೆಯಿಂದ ತಮ್ಮ ತಂದೆತಾಯಿಗಳನ್ನು ಕರೆತಂದಿರಿಸಿಕೊಂಡಿದ್ದಾರೆ. ನಮ್ಮ ನೆರೆಯಲ್ಲಿ ಅಂತಹ ಒಬ್ಬ ತಾಯಿ. ಎಪ್ಪತ್ತು ದಾಟಿದವರು, ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಯಜಮಾನರು ಲಿಂಗೈಕ್ಯರಾದ ಮೇಲೆ ಗದಗ ಜಿಲ್ಲೆಯ ಹಳ್ಳಿಯನ್ನು ಬಿಟ್ಟು ಮಗನ ಮನೆಗೆ ಬಂದಿದ್ದರು. ಬಂದ ಕೆಲವು ತಿಂಗಳುಗಳಲ್ಲಿ ಮಾತು ಕಡಿಮೆಯಾಯಿತು. ಒಲೆಯ ಮೇಲೆ ಹಾಲಿಟ್ಟು ಮರೆತರು. ಒಮ್ಮೆ ಪಕ್ಕದ ಕಟ್ಟಡವನ್ನು ತಮ್ಮದೆಂದು ಹೊಕ್ಕರು. ಮಗ ಗಾಬರಿಯಿಂದ ಒಂದು ಚಿಕಿತ್ಸಾಲಯಕ್ಕೆ ಕರೆದೊಯ್ದನು. ಅಲ್ಲಿ ಹತ್ತು ನಿಮಿಷಗಳಲ್ಲಿ ಮೂವತ್ತು ಅಂಕಗಳ ಕಿರುಪರೀಕ್ಷೆ ನಡೆಯಿತು. ಇಂದು ಎಷ್ಟನೆಯ ತಾರೀಖು? ಇದು ಎಷ್ಟನೆಯ ಮಹಡಿ? ನೂರರಿಂದ ಏಳೇಳನ್ನು ಕಳೆಯುತ್ತ ಬನ್ನಿ. ಈ ಐದು ಮೂಲೆಯ ಚಿತ್ರವನ್ನು ನೋಡಿ ಬರೆಯಿರಿ. ಹುಟ್ಟಿದಂದಿನಿಂದ ಪೆನ್ಸಿಲು ಹಿಡಿಯದ ಕೈ ಅದು. ಅರ್ಧದಷ್ಟು ಅಂಕವೂ ಬರಲಿಲ್ಲ. ಮರೆಗುಳಿ ರೋಗವೆಂದು ಚೀಟಿಯಲ್ಲಿ ಬರೆದುಕೊಟ್ಟರು. ಆ ಮನೆಯಲ್ಲಿ ಅಂದು ಒಲೆ ಹೊತ್ತಲಿಲ್ಲ.

ಈ ಬಗೆಯ ಕಿರುಪರೀಕ್ಷೆಯನ್ನು ಅಮೆರಿಕದ ಫೋಲ್‌ಸ್ಟೀನ್ ಮತ್ತು ಸಂಗಡಿಗರು 1975ರಲ್ಲಿ ಪ್ರಕಟಿಸಿದರು. ಅದು ಜರಡಿಯೇ ಹೊರತು ತಕ್ಕಡಿಯಲ್ಲ. ಯಾರನ್ನು ಮುಂದೆ ಕೂಲಂಕಷವಾಗಿ ಪರೀಕ್ಷಿಸಬೇಕೆಂದು ಆಯುವುದಕ್ಕೆ ಮಾತ್ರ ಇರುವಂಥದು. ಅಕ್ಷರ ಬಾರದ ಹಳ್ಳಿಗರಿಗೆ ಅದು ಒಗ್ಗದೆಂದು ಕಂಡೇ ಹರಿಯಾಣದ ಬಲ್ಲಭಗಢದಲ್ಲಿ ಅದನ್ನು ಮಾರ್ಪಡಿಸಿ, 1995ರಲ್ಲಿ ಹಿಂದಿಯ ಆವೃತ್ತಿಯನ್ನು ಪ್ರಕಟಿಸಿದ್ದರು. 2005ರಲ್ಲಿ ಕೆನಡಾದಿಂದ ಬಂದ ಮತ್ತೊಂದು ಕಿರುಪರೀಕ್ಷೆಯಲ್ಲಿ ಘೇಂಡಾಮೃಗದ ಚಿತ್ರವನ್ನು ತೋರಿಸಿ ಹೆಸರು ಕೇಳುತ್ತಾರೆ. ಕಿಲಾರಿ ಎತ್ತನ್ನು ಒಂದು ಫರ್ಲಾಂಗು ದೂರದಿಂದಲೇ ಗುರುತಿಸುವ ರೈತನಿಗೆ ಘೇಂಡಾಮೃಗದಿಂದ ಆಗಬೇಕಾದುದೇನು?

ಹಿತೈಷಿಗಳ ಮಾತಿನಂತೆ ಆ ಕುಟುಂಬದವರು ಬೇರೊಂದೆಡೆ ಕನ್ನಡ ಬಲ್ಲ ಚಿಕಿತ್ಸಾ ಮನೋವಿಜ್ಞಾನಿಯೊಬ್ಬರಲ್ಲಿಗೆ ಹೋದರು. ಮಗನ ಕೋರಿಕೆಯ ಮೇರೆಗೆ ನಾವೂ ಜೊತೆಗಿದ್ದೆವು. ಹೊರಗಿನ ಬೆಂಚಿನ ಮೇಲೆ ಕುಳಿತವರಿಗೆ ಒಳಗಿನ ಆರಂಭದ ಮಾತು ಕಿವಿಗೆ ಬೀಳುತ್ತಿತ್ತು. ಆ ಹೆಣ್ಣುಮಗಳು ತಾರೀಖನ್ನು ಕೇಳಲಿಲ್ಲ; ಅಮಾವಾಸ್ಯೆ ಯಾವಾಗ ಎಂದು ಗಟ್ಟಿಯಾಗಿ ಕೇಳಿದಳು. ‘ಅಮಾಸಿಗೆ ಇನ್ನ ನಾಕ ದಿನ ಐತೆವ್ವಾ, ಸ್ವಾಮಾರ ಬರ್ತೈತಿ’ ಎಂದು ಉತ್ತರ ಬಂತು. ಮಹಡಿಯ ಮಾತಿಗೆ, ‘ಡಬ್ಬಿಯೊಳಗ ನಿಂದ್ರಸ್ತಾರ, ಅದು ಮ್ಯಾಲೆ ಒಯ್ತೈತಿ, ಎಷ್ಟನೇದಂತ ನಾ ಏನ ಎಣಿಸಲಿ?’ ಎಂದರು. ಲಿಫ್ಟಿಗೆ ಡಬ್ಬಿ ಎಂಬ ಹೆಸರು ನಮಗೆ ಬಹಳ ಹಿಡಿಸಿತು. ಒಂದು ನಿಮಿಷದಲ್ಲಿ ಪ್ರಾಣಿಗಳ ಹೆಸರನ್ನು ಹೇಳಿರೆಂದಾಗ ಎತ್ತು, ಆಕಳು, ಎಮ್ಮೆ, ಕೋಣ, ಹೋರಿ, ಆಡು, ಟಗರು ಎಂದು ಹೊರಟವರು ಹೊತ್ತು ಮುಗಿದ ಮೇಲೂ ನಿಲ್ಲಲಿಲ್ಲ.

ಎರಡು ಬೆಳಗುಗಳ ಪರೀಕ್ಷೆಯ ಬಳಿಕ ತಿಳಿದುಬಂದುದು ಇಷ್ಟು: ಕೆಲಸದ ವೇಗ ಕುಗ್ಗಿದೆ, ಗಮನ ಚದುರುತ್ತದೆ, ಆದರೆ ಪದಗಳನ್ನು ತಾವಾಗಿ ಹೇಳಲಾಗದಿದ್ದರೂ ಗುರುತಿಸುವುದರಲ್ಲಿ ಕೊರತೆಯಿಲ್ಲ, ಭಾಷೆ ದೃಢವಾಗಿದೆ. ಜೊತೆಗೆ ಒಂದು ಕಿವಿ ಬಹುಪಾಲು ಕೇಳಿಸದು. ವೈದ್ಯರು ರಕ್ತವನ್ನು ಪರೀಕ್ಷಿಸಿದಾಗ ಬಿ-12 ಜೀವಸತ್ತ್ವ ಬಹಳ ಕಡಿಮೆಯಿತ್ತು. ಗಂಡನನ್ನು ಕಳೆದುಕೊಂಡ, ಊರನ್ನು ಬಿಟ್ಟ ದುಃಖವಂತೂ ಇದ್ದೇ ಇತ್ತು. ಚುಚ್ಚುಮದ್ದು, ಕಿವಿಗೆ ಯಂತ್ರ, ಕೆಲವು ತಿಂಗಳು ಊರಿನ ವಾಸ: ಇವುಗಳಿಂದ ಆ ತಾಯಿ ಬಹಳಷ್ಟು ಚೇತರಿಸಿಕೊಂಡರು. ಮರೆವು ಪೂರ್ತಿ ಹೋಯಿತೆಂದು ನಾವು ಹೇಳುವುದಿಲ್ಲ. ಈಗಲೂ ಹಾಲು ಉಕ್ಕುತ್ತದೆ. ಆದರೆ ನಮ್ಮ ಮನೆಯಲ್ಲಿಯೂ ಉಕ್ಕುತ್ತದೆ.

ಬಿ-12ರ ವಿಷಯದಲ್ಲಿ ಈ ಪತ್ರಿಕೆಯ ವಾಚಕರಿಗೆ ಎರಡು ಮಾತು ವಿಶೇಷವಾಗಿ ಹೇಳಬೇಕಾಗಿದೆ. ಈ ಜೀವಸತ್ತ್ವ ಸಸ್ಯಾಹಾರದಲ್ಲಿ ಸ್ವಭಾವತಃ ದೊರೆಯದು; ಶಾಕಾಹಾರಿಗಳಾದ ನಮಗೆ ಹಾಲು ಮೊಸರುಗಳೇ ಗತಿ. ವಯಸ್ಸಾದಂತೆ ಜಠರದ ಆಮ್ಲ ತಗ್ಗಿ, ಉಂಡದ್ದರಲ್ಲಿನ ಬಿ-12 ರಕ್ತಕ್ಕೆ ಸೇರುವುದೂ ಕಡಿಮೆಯಾಗುತ್ತದೆ. ಸಕ್ಕರೆ ಕಾಯಿಲೆಗೆ ಕೊಡುವ ಮೆಟ್‌ಫಾರ್ಮಿನ್ ಮತ್ತು ಆಮ್ಲವನ್ನು ತಗ್ಗಿಸುವ ಗುಳಿಗೆಗಳನ್ನು ವರ್ಷಗಟ್ಟಲೆ ಸೇವಿಸುವವರಲ್ಲಿ ಈ ಕೊರತೆ ಇನ್ನೂ ಹೆಚ್ಚು. ಥೈರಾಯಿಡ್ ಗ್ರಂಥಿಯ ಮಾಂದ್ಯ, ಖಿನ್ನತೆ, ಬಿದ್ದ ಪೆಟ್ಟಿನಿಂದ ತಲೆಯೊಳಗೆ ಹೆಪ್ಪುಗಟ್ಟಿದ ರಕ್ತ, ಕೆಲವು ನಿದ್ರೆಯ ಗುಳಿಗೆಗಳು, ಇವೂ ಮರೆಗುಳಿತನದ ವೇಷವನ್ನು ಧರಿಸಿ ಬರುತ್ತವೆ. ಇವೆಲ್ಲಕ್ಕೂ ಚಿಕಿತ್ಸೆಯುಂಟು. ‘ಅರಳುಮರಳು’ ಎಂದು ಮೂಲೆಯಲ್ಲಿ ಕೂರಿಸಿದ ಹಿರಿಯರಲ್ಲಿ ಇಂತಹವರು ಎಷ್ಟು ಮಂದಿಯೋ ಎಂದು ನೆನೆದಾಗ ಗಾದೆಯ ಮೇಲಿನ ನಮ್ಮ ಮುನಿಸು ಇಮ್ಮಡಿಯಾಗುತ್ತದೆ.

ತದ್ವಿರುದ್ಧವಾದ ತಪ್ಪೂ ಉಂಟು, ಅದು ಹೆಚ್ಚು ಅಪಾಯಕರ. ನಿವೃತ್ತ ಪ್ರಾಧ್ಯಾಪಕರೊಬ್ಬರನ್ನು ಕಲ್ಪಿಸಿಕೊಳ್ಳಿ: ಮಾತು ಸೊಗಸು, ತಾರೀಖು ಗೊತ್ತು, ಕಿರುಪರೀಕ್ಷೆಯಲ್ಲಿ ಮೂವತ್ತಕ್ಕೆ ಇಪ್ಪತ್ತೆಂಟು. ಮನೆಯವರು ಮಾತ್ರ, ಕಟ್ಟಿದ ಬಿಲ್ಲನ್ನೇ ಮತ್ತೆ ಕಟ್ಟುತ್ತಾರೆ, ನಿನ್ನೆ ಬಂದವರು ನೆನಪಿಲ್ಲ ಎನ್ನುತ್ತಾರೆ. ಹೆಚ್ಚು ಓದಿದವರ ಮಿದುಳು ಬಹುಕಾಲ ತನ್ನ ಬಡತನವನ್ನು ಮುಚ್ಚಿಡಬಲ್ಲದು. ಅವರನ್ನು ಅವರ ಸರಿಸಮಾನರ ಸಾಲಿನಲ್ಲಿ ನಿಲ್ಲಿಸಿ, ಕಠಿಣವಾದ ಪರೀಕ್ಷೆಗಳನ್ನು ಕೊಟ್ಟಾಗ ಮಾತ್ರ ಇಳಿತ ಕಾಣುತ್ತದೆ. ಅಜ್ಜಿಗೆ ಇಲ್ಲದ ರೋಗವನ್ನು ಹಚ್ಚುವುದೂ, ಪ್ರಾಧ್ಯಾಪಕರಿಗೆ ಇರುವ ರೋಗವನ್ನು ಬಿಡುವುದೂ ಒಂದೇ ಕೋಲಿನ ಎರಡು ತುದಿಗಳು.

ವೃದ್ಧರಿಗಷ್ಟೇ ಅಲ್ಲ

ಈ ಪರೀಕ್ಷೆಗಳು ವೃದ್ಧರಿಗೆ ಮಾತ್ರವೆಂದು ಎಣಿಸಬಾರದು. ದ್ವಿಚಕ್ರ ವಾಹನದಿಂದ ಬಿದ್ದು ತಲೆಗೆ ಪೆಟ್ಟಾದ ಯುವಕನ ಸ್ಕ್ಯಾನ್ ಸರಿಯಾಗಿದ್ದರೂ, ಕೆಲಸಕ್ಕೆ ಮರಳಿದ ಮೇಲೆ ಒಂದು ಪುಟವನ್ನು ಪೂರ್ತಿ ಓದಲಾಗದೆ, ಸಿಡುಕುತ್ತ, ಸೋಮಾರಿ ಎನಿಸಿಕೊಳ್ಳುವುದುಂಟು. ಪರೀಕ್ಷೆಯಲ್ಲಿ ಅವನ ಗಮನದ ಕೊರತೆ ಅಂಕಗಳಾಗಿ ಕಾಣುತ್ತದೆ. ಅವನ ಮಾತಿಗೆ ಸಾಕ್ಷಿ ಸಿಗುತ್ತದೆ. ಅಪಸ್ಮಾರಕ್ಕೆ ಶಸ್ತ್ರಚಿಕಿತ್ಸೆ ಮಾಡುವ ಮೊದಲು, ತೆಗೆಯಲಿರುವ ಭಾಗದ ಜೊತೆ ಮಾತು, ನೆನಪುಗಳೂ ಹೋಗುವ ಅಪಾಯವೆಷ್ಟೆಂದು ತಿಳಿಯಲು ಈ ಪರೀಕ್ಷೆ ಬೇಕೇ ಬೇಕು. ಮೊಲೈಸನ್ನನ ಪಾಠ ವ್ಯರ್ಥವಾಗಿಲ್ಲ. ಕುಗ್ಗಿದ ಗಮನವನ್ನು ಮರಳಿ ಪಳಗಿಸಲು ನಿಮ್ಹಾನ್ಸಿನವರು ರೂಪಿಸಿದ ಮನೆಯ ಅಭ್ಯಾಸಗಳಲ್ಲಿ ಬೆರೆತ ಧಾನ್ಯಗಳನ್ನು ಬೇರ್ಪಡಿಸುವುದೂ ಒಂದು. ಮೊರದ ಮುಂದೆ ಕುಳಿತು ಕಾಳು ಆರಿಸುತ್ತಿದ್ದ ನಮ್ಮ ತಾಯಂದಿರಿಗೆ ಇದನ್ನು ಹೇಳಿದ್ದರೆ ನಗುತ್ತಿದ್ದರೇನೋ.

ಪರೀಕ್ಷೆಯೆಂದರೆ ಮನಸ್ಸಿನ ಗುಟ್ಟನ್ನು ಕದಿಯುವ ತಂತ್ರವೆಂದು ಅಂಜುವವರೂ ಇದ್ದಾರೆ. ಪೊಲೀಸರ ಮಂಪರು ಪರೀಕ್ಷೆ, ಮಿದುಳಿನ ನಕ್ಷೆ ಮುಂತಾದವುಗಳ ಸುದ್ದಿಯನ್ನು ಓದಿದವರ ಅಂಜಿಕೆ ಅದು. ಅವು ಬೇರೆಯೇ ಜಾತಿಯವು. ಒಬ್ಬರ ಒಪ್ಪಿಗೆಯಿಲ್ಲದೆ ಅವುಗಳನ್ನು ನಡೆಸಕೂಡದೆಂದು ಸರ್ವೋಚ್ಚ ನ್ಯಾಯಾಲಯವು 2010ರಲ್ಲಿ ತೀರ್ಪಿತ್ತಿತು. ಆ ಮೊಕದ್ದಮೆಯ ಹೆಸರೇ ‘ಸೆಲ್ವಿ ವಿರುದ್ಧ ಕರ್ನಾಟಕ ರಾಜ್ಯ’. ನಾವು ಹೇಳುತ್ತಿರುವ ಪರೀಕ್ಷೆಯಲ್ಲಿ ಗುಟ್ಟನ್ನು ಕೇಳುವ ಒಂದು ಪ್ರಶ್ನೆಯೂ ಇಲ್ಲ.

ಹೆಬ್ಬಾಳಕ್ಕೆ ಬಹುದೂರವಲ್ಲದ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಲ್ಲಿರುವ ಮಿದುಳು ಸಂಶೋಧನಾ ಕೇಂದ್ರದವರು ಕೈಗೊಂಡಿರುವ ಕಾರ್ಯವನ್ನೂ ಹೇಳಬೇಕು. ಕೋಲಾರ ಜಿಲ್ಲೆಯಲ್ಲಿ ಮಾವಿಗೆ ಹೆಸರಾದ ಶ್ರೀನಿವಾಸಪುರದ ಹಳ್ಳಿಗಳಲ್ಲಿ, 45 ವರ್ಷ ದಾಟಿದ ಹತ್ತು ಸಾವಿರ ಮಂದಿಯನ್ನು ವರ್ಷಾನುಗಟ್ಟಲೆ ಅನುಸರಿಸಿ ಪರೀಕ್ಷಿಸುವ ಸಂಕಲ್ಪದಿಂದ 2018ರಲ್ಲಿ ಅವರು ಅಧ್ಯಯನವನ್ನು ಆರಂಭಿಸಿದರು. ರೋಗ ಬಂದ ಮೇಲೆ ನೋಡುವುದಲ್ಲ. ಬರುವ ಮೊದಲಿನಿಂದಲೇ ಒಬ್ಬನನ್ನು ಅವನೊಡನೆಯೇ ಹೋಲಿಸುತ್ತ ಹೋಗುವುದು. ಭಾರತದಲ್ಲಿ ಅರವತ್ತು ದಾಟಿದವರಲ್ಲಿ ನೂರಕ್ಕೆ 7.4ರಷ್ಟು, ಅಂದರೆ ಸುಮಾರು 88 ಲಕ್ಷ ಜನರಿಗೆ ಮರೆಗುಳಿ ರೋಗವಿದೆಯೆಂದು 2023ರಲ್ಲಿ ಪ್ರಕಟವಾದ ರಾಷ್ಟ್ರೀಯ ಅಧ್ಯಯನ ಅಂದಾಜು ಮಾಡಿದೆ. ಗಾದೆಯ ಪ್ರಕಾರ ಇದು ನೂರಕ್ಕೆ ನೂರು ಇರಬೇಕಿತ್ತು!

ಹೈದರಾಬಾದಿನಲ್ಲಿ ಸುವರ್ಣಾ ಅಲ್ಲಾಡಿಯವರ ತಂಡ 648 ರೋಗಿಗಳನ್ನು ಪರಿಶೀಲಿಸಿ 2013ರಲ್ಲಿ ಪ್ರಕಟಿಸಿದ ಲೇಖನದಂತೆ, ಎರಡು ಭಾಷೆ ಬಲ್ಲವರಲ್ಲಿ ರೋಗವು ಒಂದೇ ಭಾಷೆಯವರಿಗಿಂತ ನಾಲ್ಕೂವರೆ ವರ್ಷ ತಡವಾಗಿ ತಲೆದೋರಿತ್ತು. ಅಕ್ಷರ ಬಾರದವರಲ್ಲಿಯೂ ಈ ಅಂತರ ಕಂಡಿತು. ಈ ಬಗ್ಗೆ ವಿದ್ವಾಂಸರಲ್ಲಿ ಚರ್ಚೆ ಇನ್ನೂ ನಡೆದಿದೆ. ಆದರೂ ಕನ್ನಡ–ತೆಲುಗುಗಳೆರಡನ್ನೂ ಆಡುವ ಶ್ರೀನಿವಾಸಪುರದ ರೈತರಿಂದ ಮುಂದೆ ಬರಲಿರುವ ಉತ್ತರಕ್ಕಾಗಿ ನಾವು ಕುತೂಹಲದಿಂದ ಕಾದಿದ್ದೇವೆ.

ಪರೀಕ್ಷೆಯ ಫಲ ಕೆಟ್ಟದ್ದೇ ಆಗಿ, ನಿಜವಾಗಿಯೂ ಮರೆಗುಳಿ ರೋಗವೆಂದು ತಿಳಿದರೆ? ಪೂರ್ತಿ ಗುಣಪಡಿಸುವ ಔಷಧಿ ಇಂದಿಗೂ ಇಲ್ಲ. ಆದರೂ ಬೇಗ ತಿಳಿಯುವುದರಿಂದ ಪ್ರಯೋಜನವುಂಟು. ಉಯಿಲು ಬರೆಯಲು ಸ್ವಸ್ಥಚಿತ್ತ ಬೇಕೆಂಬುದು ಕಾನೂನು. ಬುದ್ಧಿ ತಿಳಿಯಾಗಿರುವಾಗಲೇ ಹಿರಿಯರು ತಮ್ಮ ಹೊಲಮನೆಗಳ ವ್ಯವಸ್ಥೆಯನ್ನು ತಮ್ಮ ಇಚ್ಛೆಯಂತೆ ಮಾಡಬಹುದು. ರೋಗ ಬಲಿತ ಮೇಲೆ ಹಾಸಿಗೆಯ ಬಳಿ ಕಾಗದ ಹಿಡಿದು ಹೆಬ್ಬೆಟ್ಟು ಒತ್ತಿಸಿಕೊಳ್ಳುವ ಮಕ್ಕಳನ್ನು ನಾವು ಕಂಡಿದ್ದೇವೆ. ಆ ಹೆಬ್ಬೆಟ್ಟಿನಿಂದ ಹುಟ್ಟಿದ ದಾವೆಗಳು ಮೊಮ್ಮಕ್ಕಳ ಕಾಲಕ್ಕೂ ಮುಗಿದಿಲ್ಲ.

ಪರೀಕ್ಷೆಗೆ ಕರೆದೊಯ್ಯುವವರಿಗೆ ಕೆಲವು ಸೂಚನೆಗಳು. ಕರ್ನಾಟಕ ಸರ್ಕಾರವು ನಿಮ್ಹಾನ್ಸಿನೊಡನೆ 2022ರಲ್ಲಿ ಆರಂಭಿಸಿದ ಮಿದುಳು ಆರೋಗ್ಯ ಕಾರ್ಯಕ್ರಮದಡಿ ಜಿಲ್ಲಾ ಆಸ್ಪತ್ರೆಗಳಲ್ಲಿ ಬ್ರೈನ್ ಕ್ಲಿನಿಕ್‌ಗಳನ್ನು ತೆರೆಯುವ ಕೆಲಸ ನಡೆದಿದೆ. ಉತ್ತರ ಕರ್ನಾಟಕದವರಿಗೆ ಧಾರವಾಡದ ಡಿಮ್ಹಾನ್ಸ್ ಇದೆ. ಎಲ್ಲರೂ ಬೆಂಗಳೂರಿಗೇ ಬರಬೇಕೆಂದಿಲ್ಲ. ಪೂರ್ಣ ಪರೀಕ್ಷೆಗೆ ಎರಡು ಮೂರು ಗಂಟೆ ಬೇಕಾಗಬಹುದು, ನಡುವೆ ವಿಶ್ರಾಂತಿ ಕೊಡುತ್ತಾರೆ. ಬೆಳಗಿನ ಉಪಾಹಾರವಾದ ಮೇಲೆ ಕರೆದೊಯ್ಯಿರಿ. ಕನ್ನಡಕ, ಕಿವಿಯ ಯಂತ್ರ, ಸೇವಿಸುತ್ತಿರುವ ಗುಳಿಗೆಗಳ ಚೀಟಿ ಕೈಯಲ್ಲಿರಲಿ. ಮನೆಯಲ್ಲಿ ಆಡುವ ಭಾಷೆಯಲ್ಲಿಯೇ ಪರೀಕ್ಷೆ ನಡೆಯಲೆಂದು ಮೊದಲೇ ಕೇಳಿಕೊಳ್ಳಿ. ಅವರೊಡನೆ ದಿನವೂ ಇರುವವರೇ ಜೊತೆಗೆ ಹೋಗಲಿ. ಭಾನುವಾರ ಬಂದು ಹೋಗುವ ಮಗನಿಗಿಂತ ಮನೆಯಲ್ಲಿರುವ ಸೊಸೆಯ ಮಾತು ಪರೀಕ್ಷಕರಿಗೆ ಹೆಚ್ಚು ಉಪಯುಕ್ತ. ಹಿರಿಯರು ತಡವರಿಸಿದಾಗ ಉತ್ತರವನ್ನು ಎತ್ತಿಕೊಡಬೇಡಿ. ಒಮ್ಮೆ ಮಾಡಿಸಿದ ಪರೀಕ್ಷೆಯನ್ನು ಬೇರೆಡೆ ಮರುವಾರವೇ ಮತ್ತೆ ಮಾಡಿಸಬೇಡಿ. ಪ್ರಶ್ನೆಗಳ ಪರಿಚಯದಿಂದಲೇ ಅಂಕ ಏರಿ ದಾರಿ ತಪ್ಪಿಸುತ್ತದೆ. ಸಾಮಾನ್ಯವಾಗಿ ಆರು ತಿಂಗಳೋ ಒಂದು ವರ್ಷವೋ ಕಳೆದ ಮೇಲೆ ಮರುಪರೀಕ್ಷೆಗೆ ಕರೆಯುತ್ತಾರೆ. ಆಗ ಮೊದಲ ವರದಿಯನ್ನು ತಪ್ಪದೆ ಒಯ್ಯಬೇಕು. ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ನೋಡಿದಾಗಲೇ ಇಳಿತವೆಷ್ಟೆಂಬುದು ವೈದ್ಯರಿಗೆ ತಿಳಿಯುವುದು.